ರೀಸೆಟ್ ಒತ್ತಿದರೆ ಸೇವ್ ಅಳಿಸಿಹೋಗುತ್ತದೆಯೇ? ಹಳೆಯ ವಿಡಿಯೋ ಗೇಮ್ ಯಂತ್ರಗಳ ಬಗ್ಗೆ ನಿಜವೆಷ್ಟು, ಸುಳ್ಳೆಷ್ಟು

ದಸರಾ, ದೀಪಾವಳಿಗೆ ಮನೆ ಸ್ವಚ್ಛ ಮಾಡುವಾಗ ಅಟ್ಟದಿಂದ ಇಳಿಯುವ ಸಾಮಾನುಗಳಲ್ಲಿ ಈಗ ಹಳೆಯ ವಿಡಿಯೋ ಗೇಮ್ ಯಂತ್ರವೂ ಸೇರಿಕೊಂಡಿದೆ. ನಿಪ್ಪಾಣಿ, ಚಿಕ್ಕೋಡಿ, ಅಥಣಿ ಕಡೆಯ ಮನೆಗಳಲ್ಲಿ ಬೆಳಗಾವಿಗೋ ಕೊಲ್ಹಾಪುರಕ್ಕೋ ಹೋದಾಗ ತಂದ ಯಂತ್ರ ಅದು. 90ರ ದಶಕದ ಮಕ್ಕಳಿಗೆ ಕ್ಯಾಸೆಟ್ ಹಾಕುವ ಯಂತ್ರ, ಅವರ ತಮ್ಮಂದಿರಿಗೆ ಪ್ಲೇಸ್ಟೇಷನ್ 2. ಅದನ್ನು ಗುಜರಿಗೆ ಹಾಕಬೇಕೇ, ಮಾರಬೇಕೇ, ಮಕ್ಕಳಿಗೆ ಕೊಡಬೇಕೇ ಎಂಬ ಪ್ರಶ್ನೆ ಬಂದಾಗ ಸಲಹೆಗಳೂ ಬರುತ್ತವೆ. "ಒಮ್ಮೆ ರೀಸೆಟ್ ಮಾಡಿ ಕೊಡು, ಎಲ್ಲಾ ಅಳಿಸಿಹೋಗುತ್ತದೆ" ಎಂದು ಒಬ್ಬರು. "ರೀಸೆಟ್ ಮುಟ್ಟಲೇಬೇಡ, ಕ್ಯಾಸೆಟ್ ಹಾಳಾಗುತ್ತದೆ" ಎಂದು ಇನ್ನೊಬ್ಬರು. "ಬಾಯಿಂದ ಊದಿದರೆ ಸರಿಹೋಗುತ್ತದೆ" ಎಂದು ಎಲ್ಲರೂ.

ಇವುಗಳಲ್ಲಿ ಯಾವುದು ನಿಜ? ಉತ್ತರ ನಿಮ್ಮ ಯಂತ್ರದ ಮೇಲಿದೆ. ನಿಖರವಾಗಿ ಹೇಳಬೇಕೆಂದರೆ, ನಿಮ್ಮ ಸೇವ್ ಎಲ್ಲಿ ಕುಳಿತಿದೆ ಎಂಬುದರ ಮೇಲಿದೆ.

ಚುಟುಕಾಗಿ ಹೇಳುವುದಾದರೆ

• ಯಂತ್ರದ ಮೇಲಿನ ರೀಸೆಟ್ ಗುಂಡಿ ಆಟವನ್ನು ಮೊದಲಿನಿಂದ ಶುರು ಮಾಡುತ್ತದೆ. ಉಳಿಸಿಟ್ಟ ಸೇವ್ ಅನ್ನು ಅದು ಅಳಿಸುವುದಿಲ್ಲ.
• ಮೆನುವಿನಲ್ಲಿರುವ ಡಿಲೀಟ್, ಫಾರ್ಮ್ಯಾಟ್, ರೀಸ್ಟೋರ್ ಆಯ್ಕೆಗಳೇ ಬೇರೆ. ಅಪಾಯ ಇರುವುದು ಅಲ್ಲಿ.
• ಸೇವ್ ಅತಿ ಹೆಚ್ಚು ಹಾಳಾಗುವುದು ಬರೆಯುತ್ತಿರುವಾಗ ಕರೆಂಟ್ ಹೋದಾಗ, ಹಳೆಯದರ ಮೇಲೆ ಹೊಸದನ್ನು ಬರೆದಾಗ, ಮತ್ತು ಕ್ಯಾಸೆಟ್ ಒಳಗಿನ ಬ್ಯಾಟರಿ ತೀರಿದಾಗ.
• ಮಾರುವ ಮುನ್ನ ಎರಡು ಕೆಲಸ ಮಾಡಬೇಕು: ಬೇಕಾದದ್ದನ್ನು ನಕಲು ಮಾಡಿಕೊಳ್ಳುವುದು, ಬೇಡದ್ದನ್ನು ಸರಿಯಾದ ಮೆನುವಿನಿಂದ ಅಳಿಸುವುದು.

ರೀಸೆಟ್ ಗುಂಡಿ ನಿಜಕ್ಕೂ ಏನು ಮಾಡುತ್ತದೆ?

ಕ್ಯಾಸೆಟ್ ಯಂತ್ರಗಳ ಮೂಲ ನಿಂಟೆಂಡೊ ಕಂಪನಿಯ ಫ್ಯಾಮಿಕಾಮ್. ಅದು ಜಪಾನಿನಲ್ಲಿ 1983ರ ಜುಲೈನಲ್ಲಿ ಮಾರುಕಟ್ಟೆಗೆ ಬಂತು. ನಮ್ಮಲ್ಲಿ ಸಮುರಾಯ್, ಲಿಟಲ್ ಮಾಸ್ಟರ್, ಟರ್ಮಿನೇಟರ್ ಮುಂತಾದ ಹೆಸರುಗಳಲ್ಲಿ ಮನೆಮನೆಗೆ ಬಂದದ್ದು ಇದೇ ಜಾತಿಯ ಯಂತ್ರಗಳು. ಮಾರಿಯೋ, ಕಾಂಟ್ರಾ, ಸರ್ಕಸ್, ಡಕ್ ಹಂಟ್ ಎಲ್ಲವೂ ಇದರ ಆಟಗಳೇ.

ಈ ಯಂತ್ರದಲ್ಲಿ ಎರಡು ಬಗೆಯ ನೆನಪಿನ ಜಾಗಗಳಿವೆ. ಒಂದು ಕ್ಯಾಸೆಟ್ ಒಳಗಿನ ರಾಮ್ ಅಲ್ಲದ ಕಾಯಂ ಚಿಪ್, ಅಂದರೆ ರೋಮ್. ಆಟ ಇರುವುದು ಇದರಲ್ಲಿ. ಕಾರ್ಖಾನೆಯಲ್ಲೇ ಬರೆದು ಮುಗಿಸಿದ ಚಿಪ್ ಆದ್ದರಿಂದ ಯಂತ್ರಕ್ಕೆ ಇದನ್ನು ಓದಲು ಮಾತ್ರ ಸಾಧ್ಯ, ತಿದ್ದಲು ಸಾಧ್ಯವಿಲ್ಲ. ಮುದ್ರಿಸಿದ ಪುಸ್ತಕದಂತೆ ಎಂದುಕೊಳ್ಳಿ. ಇನ್ನೊಂದು ಯಂತ್ರದೊಳಗಿನ ತಾತ್ಕಾಲಿಕ ಮೆಮೊರಿ. ಫ್ಯಾಮಿಕಾಮ್‌ನಲ್ಲಿ ಇದರ ಅಳತೆ ಕೇವಲ 2 ಕಿಲೋಬೈಟ್. ಈಗ ಎಷ್ಟು ಜೀವ ಉಳಿದಿದೆ, ಸ್ಕೋರ್ ಎಷ್ಟು, ಯಾವ ಹಂತದಲ್ಲಿದ್ದೀರಿ ಎಂಬ ಲೆಕ್ಕವೆಲ್ಲ ಇದರಲ್ಲಿರುತ್ತದೆ. ಇದು ಶಾಲೆಯ ಕರಿಹಲಗೆಯ ಹಾಗೆ, ಕರೆಂಟ್ ಹೋದರೆ ಅಳಿಸಿಹೋಗುತ್ತದೆ.

ರೀಸೆಟ್ ಗುಂಡಿ ಈ ಎರಡರಲ್ಲಿ ಯಾವುದನ್ನೂ ನೇರವಾಗಿ ಅಳಿಸುವುದಿಲ್ಲ. ಯಂತ್ರದ ಮುಖ್ಯ ಚಿಪ್‌ಗೆ "ಇರುವ ಕೆಲಸ ಬಿಟ್ಟು ಮೊದಲಿನಿಂದ ಓದು" ಎಂದಷ್ಟೇ ಅದು ಹೇಳುತ್ತದೆ. ಕರಿಹಲಗೆಯನ್ನು ಒರೆಸಬೇಕೋ ಬೇಡವೋ ಎಂದು ತೀರ್ಮಾನಿಸುವುದು ಆಟ.

ಇದಕ್ಕೆ ಒಳ್ಳೆಯ ಸಾಕ್ಷಿ 1985ರ ಸೂಪರ್ ಮಾರಿಯೋ ಬ್ರದರ್ಸ್. ಒಂದು ಆಟ ಮುಗಿಸಿ ರೀಸೆಟ್ ಒತ್ತಿ ನೋಡಿ. ಮೊದಲ ಪರದೆಯಲ್ಲಿ ನಿಮ್ಮ ಟಾಪ್ ಸ್ಕೋರ್ ಹಾಗೇ ಇರುತ್ತದೆ. ಈಗ ಪವರ್ ಆಫ್ ಮಾಡಿ ಸ್ವಲ್ಪ ಹೊತ್ತು ಬಿಟ್ಟು ಆನ್ ಮಾಡಿ. ಟಾಪ್ ಸ್ಕೋರ್ ಸೊನ್ನೆ. ಯಾಕೆಂದರೆ ಮಾರಿಯೋ ಶುರುವಾಗುವಾಗ ಮೆಮೊರಿಯ ಒಂದು ನಿರ್ದಿಷ್ಟ ಮೂಲೆಯಲ್ಲಿ 165 ಎಂಬ ಸಂಖ್ಯೆ ಇದೆಯೇ ಎಂದು ನೋಡುತ್ತದೆ. ಟಾಪ್ ಸ್ಕೋರಿನ ಅಂಕಿಗಳು ಸರಿಯಾಗಿವೆಯೇ ಎಂದೂ ನೋಡುತ್ತದೆ. ಎರಡೂ ಸರಿಯಿದ್ದರೆ "ಕರೆಂಟ್ ಹೋಗಿಲ್ಲ, ಬರೀ ರೀಸೆಟ್ ಆಗಿದೆ" ಎಂದು ತಿಳಿದು ಸ್ಕೋರ್ ಉಳಿಸಿಕೊಳ್ಳುತ್ತದೆ. ಅಂದರೆ ರೀಸೆಟ್ ಮತ್ತು ಪವರ್ ಆಫ್ ಒಂದೇ ಅಲ್ಲ ಎಂಬುದು 1985ರ ಆಟಕ್ಕೇ ಗೊತ್ತಿತ್ತು.

ಇದೇ ಆಟದಲ್ಲಿ ಇನ್ನೊಂದು ಸೌಲಭ್ಯವೂ ಇತ್ತು. ಗೇಮ್ ಓವರ್ ಆದ ಮೇಲೆ ಮೊದಲ ಪರದೆಯಲ್ಲಿ ಎ ಗುಂಡಿ ಒತ್ತಿ ಹಿಡಿದು ಸ್ಟಾರ್ಟ್ ಒತ್ತಿದರೆ, ಸತ್ತ ವರ್ಲ್ಡ್‌ನ ಮೊದಲ ಹಂತದಿಂದ ಆಡಬಹುದು. ಇದು ಗೊತ್ತಿಲ್ಲದೆ ಪ್ರತಿ ಸಲ 1-1ರಿಂದ ಶುರು ಮಾಡಿದವರು ಬಹಳ. ಆದರೆ ಇದೂ ಕರಿಹಲಗೆಯ ನೆನಪೇ, ಪವರ್ ಆಫ್ ಆದರೆ ಇಲ್ಲ.

ಹಾಗಾದರೆ ನಮ್ಮ ಹಳೆಯ ಕ್ಯಾಸೆಟ್‌ನಲ್ಲಿ ಸೇವ್ ಇತ್ತೇ?

ನಮ್ಮ ಕಡೆ ಓಡಾಡಿದ ಹೆಚ್ಚಿನ ಕ್ಯಾಸೆಟ್‌ಗಳಲ್ಲಿ ಸೇವ್ ಎಂಬುದೇ ಇರಲಿಲ್ಲ. ಮಾರಿಯೋ ಆಗಲಿ, ಕಾಂಟ್ರಾ ಆಗಲಿ ಏನನ್ನೂ ಉಳಿಸಿಡುವುದಿಲ್ಲ. ಹಾಗಾಗಿ "ರೀಸೆಟ್ ಒತ್ತಿ ನನ್ನ ಮಾರಿಯೋ ಸೇವ್ ಕಳೆದ" ಎಂದು ತಮ್ಮನ ಮೇಲೆ ಇಂದಿಗೂ ಸಿಟ್ಟಿರುವವರು ಅವನನ್ನು ಕ್ಷಮಿಸಬಹುದು. ಕಳೆಯಲು ಅಲ್ಲಿ ಏನೂ ಇರಲಿಲ್ಲ. ಆಡುತ್ತಿದ್ದ ಆ ಒಂದು ಆಟ ಮಾತ್ರ ಹೋಯಿತು.

"9999999 ಇನ್ 1" ಕ್ಯಾಸೆಟ್‌ಗಳ ಕಥೆಯೂ ಇಷ್ಟೇ. ಅವುಗಳಲ್ಲಿ ನಿಜವಾಗಿ ಇರುತ್ತಿದ್ದದ್ದು ಕೆಲವೇ ಆಟಗಳು. ಅವನ್ನೇ ಬೇರೆ ಬೇರೆ ಹಂತದಿಂದ ಅಥವಾ ಬೇರೆ ಬೇರೆ ಹೆಸರಿನಿಂದ ಪಟ್ಟಿಯಲ್ಲಿ ಮತ್ತೆ ಮತ್ತೆ ತೋರಿಸುತ್ತಿದ್ದರು. ಇಂಥ ಕ್ಯಾಸೆಟ್‌ನಲ್ಲಿ ರೀಸೆಟ್ ಒತ್ತಿದರೆ ಸಾಮಾನ್ಯವಾಗಿ ಪಟ್ಟಿಗೆ ಮರಳುತ್ತೀರಿ, ಅಷ್ಟೇ.

ಆ ಕಾಲದ ಕೆಲವು ಆಟಗಳು ಸೇವ್ ಬದಲು ಪಾಸ್‌ವರ್ಡ್ ಕೊಡುತ್ತಿದ್ದವು. ನಿಮ್ಮ ಸ್ಥಿತಿಯನ್ನೆಲ್ಲ ಅಕ್ಷರಗಳಾಗಿ ಬದಲಿಸಿ ಪರದೆಯ ಮೇಲೆ ತೋರಿಸುತ್ತಿದ್ದವು. ಅದನ್ನು ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳಬೇಕು. ಜಪಾನಿನ ಡ್ರ್ಯಾಗನ್ ಕ್ವೆಸ್ಟ್ 2ರಲ್ಲಿ ಈ ಪಾಸ್‌ವರ್ಡ್ 52 ಅಕ್ಷರಗಳವರೆಗೂ ಹೋಗುತ್ತಿತ್ತು. ಒಂದು ಅಕ್ಷರ ತಪ್ಪಿದರೂ ಬಾಗಿಲು ತೆರೆಯದು. ಇಲ್ಲಿ ಸೇವ್ ಇರುವುದು ಯಂತ್ರದಲ್ಲಲ್ಲ, ಆ ಹಾಳೆಯಲ್ಲಿ. ಹಳೆಯ ನೋಟ್‌ಬುಕ್ಕಿನ ಕೊನೆಯ ಪುಟದಲ್ಲಿ ಅರ್ಥವಾಗದ ಅಕ್ಷರಗಳ ಸಾಲು ಕಂಡರೆ ರದ್ದಿಗೆ ಹಾಕುವ ಮುನ್ನ ಒಮ್ಮೆ ಕೇಳಿ ನೋಡಿ.

ರೀಸೆಟ್ ಒತ್ತಿದರೇ ಸೇವ್ ಉಳಿಯುತ್ತಿದ್ದ ಆಟ

1987ರಲ್ಲಿ ಅಮೆರಿಕದಲ್ಲಿ ಬಿಡುಗಡೆಯಾದ ದಿ ಲೆಜೆಂಡ್ ಆಫ್ ಜೆಲ್ಡಾ ಬಂಗಾರದ ಬಣ್ಣದ ಕ್ಯಾಸೆಟ್‌ನಲ್ಲಿ ಬಂತು. ಅದರೊಳಗೆ ನಾಣ್ಯದಾಕಾರದ ಒಂದು ಬ್ಯಾಟರಿ ಇತ್ತು. ಯಂತ್ರ ಆಫ್ ಆದರೂ ಸೇವ್ ಇರುವ ಚಿಪ್‌ಗೆ ಈ ಬ್ಯಾಟರಿ ಸಣ್ಣಗೆ ಕರೆಂಟ್ ಕೊಡುತ್ತಲೇ ಇರುತ್ತದೆ. ಕರಿಹಲಗೆ ಒರೆಸಿಹೋಗದಂತೆ ಕಾಯುವ ಕಾವಲುಗಾರ ಎನ್ನಬಹುದು.

ಈ ಆಟ ಆಡುವವರಿಗೆ ಒಂದು ವಿಚಿತ್ರ ಸೂಚನೆ ಇತ್ತು: ಪವರ್ ಆಫ್ ಮಾಡುವಾಗ ರೀಸೆಟ್ ಗುಂಡಿಯನ್ನು ಒತ್ತಿ ಹಿಡಿದುಕೊಂಡೇ ಆಫ್ ಮಾಡಿ, ಇಲ್ಲವಾದರೆ ಸೇವ್ ಹೋಗಬಹುದು.

ಕಾರಣ ಸರಳ. ಸ್ವಿಚ್ ಆಫ್ ಮಾಡಿದ ಕ್ಷಣದಲ್ಲೇ ಯಂತ್ರ ಸಾಯುವುದಿಲ್ಲ. ವೋಲ್ಟೇಜ್ ಇಳಿಯುತ್ತಾ ಹೋಗುವ ಆ ಕ್ಷಣಾರ್ಧದಲ್ಲಿ ಮುಖ್ಯ ಚಿಪ್ ಇನ್ನೂ ಓಡುತ್ತಿರುತ್ತದೆ, ಆದರೆ ಅದರ ಲೆಕ್ಕ ತಪ್ಪಿರುತ್ತದೆ. ಆಗ ಅದು ಬರೆಯಬಾರದ ಜಾಗದಲ್ಲಿ ಏನೇನೋ ಬರೆದುಬಿಡಬಹುದು. ಆ ಜಾಗ ನಿಮ್ಮ ಸೇವ್ ಆಗಿರಬಹುದು. ರೀಸೆಟ್ ಒತ್ತಿ ಹಿಡಿದರೆ ಚಿಪ್ ನಿಂತಿರುತ್ತದೆ. ನಿಂತ ಕೈ ತಪ್ಪು ಬರೆಯಲಾರದು.

ಅಂದರೆ ನಾವು ಯಾವ ಗುಂಡಿಗೆ ಹೆದರುತ್ತೇವೋ ಅದೇ ಇಲ್ಲಿ ರಕ್ಷಕ. ನಿಜವಾದ ಶತ್ರು ಹೇಳದೆ ಕೇಳದೆ ಹೋಗುವ ಕರೆಂಟ್. ಲೋಡ್ ಶೆಡ್ಡಿಂಗ್ ಕಂಡ ನಮ್ಮ ಊರುಗಳ ಮಕ್ಕಳಿಗೆ ಇದನ್ನು ವಿವರಿಸಿ ಹೇಳಬೇಕಿಲ್ಲ.

ಬ್ಯಾಟರಿ ತೀರಿದರೆ ಕ್ಯಾಸೆಟ್ ಕಸವೇ?

ಅಲ್ಲ. ಆಟ ಇರುವುದು ಕಾಯಂ ಚಿಪ್‌ನಲ್ಲಿ, ಅದಕ್ಕೆ ಬ್ಯಾಟರಿ ಬೇಕಿಲ್ಲ. ಬ್ಯಾಟರಿ ತೀರಿದರೆ ಸೇವ್ ಮಾತ್ರ ನಿಲ್ಲುವುದಿಲ್ಲ. ಆಟ ಎಂದಿನಂತೆ ಓಡುತ್ತದೆ.

ಗೇಮ್ ಬಾಯ್‌ನ ಪೋಕೆಮಾನ್ ಕ್ಯಾಸೆಟ್‌ಗಳಲ್ಲಿ ಇದನ್ನು ಚೆನ್ನಾಗಿ ನೋಡಬಹುದು. 1999ರಲ್ಲಿ ಜಪಾನಿನಲ್ಲಿ ಬಂದ ಗೋಲ್ಡ್ ಮತ್ತು ಸಿಲ್ವರ್ ಆಟಗಳಲ್ಲಿ ಹಗಲು-ರಾತ್ರಿ ತೋರಿಸಲು ಒಂದು ಗಡಿಯಾರವೂ ಇತ್ತು. ಒಂದೇ ಬ್ಯಾಟರಿ ಗಡಿಯಾರವನ್ನೂ ಸೇವ್ ಅನ್ನೂ ನೋಡಿಕೊಳ್ಳಬೇಕಾದ್ದರಿಂದ ಅದು ಬೇಗ ತೀರುತ್ತದೆ. ತೀರಿದಾಗ ಎರಡೂ ಹೋಗುತ್ತವೆ. ನಂತರದ ರೂಬಿ, ಸಫೈರ್ ಆಟಗಳಲ್ಲಿ ಸೇವ್ ಇರುವುದು ಫ್ಲ್ಯಾಶ್ ಚಿಪ್‌ನಲ್ಲಿ, ಬ್ಯಾಟರಿ ಗಡಿಯಾರಕ್ಕೆ ಮಾತ್ರ. ಅವುಗಳಲ್ಲಿ ಬ್ಯಾಟರಿ ತೀರಿದೆ ಎಂಬ ಸಂದೇಶ ಬಂದರೆ ಗಾಬರಿಯಾಗಬೇಡಿ, ಸೇವ್ ಸುರಕ್ಷಿತ. ಸಮಯಕ್ಕೆ ಸಂಬಂಧಿಸಿದ ಘಟನೆಗಳು ಮಾತ್ರ ನಡೆಯುವುದಿಲ್ಲ.

ಬ್ಯಾಟರಿ ಬದಲಿಸಬಹುದೇ? ಬದಲಿಸಬಹುದು. ಆದರೆ ಇದು ಗೋಡೆ ಗಡಿಯಾರಕ್ಕೆ ಸೆಲ್ ಹಾಕಿದಂತಲ್ಲ. ಬ್ಯಾಟರಿಯನ್ನು ಬೆಸುಗೆ ಹಾಕಿರುತ್ತಾರೆ. ಅದನ್ನು ಬಿಚ್ಚಿದ ಕೂಡಲೇ ಚಿಪ್‌ಗೆ ಕರೆಂಟ್ ತಪ್ಪಿ ಸೇವ್ ಹೋಗುತ್ತದೆ. ಸೇವ್ ಇನ್ನೂ ಜೀವಂತವಿದ್ದರೆ, ಮೊದಲು ಕ್ಯಾಸೆಟ್ ಓದುವ ಸಾಧನದಿಂದ ಅದನ್ನು ಕಂಪ್ಯೂಟರಿಗೆ ನಕಲು ಮಾಡಿಕೊಳ್ಳಬೇಕು, ಆಮೇಲೆ ಬ್ಯಾಟರಿ ಬದಲಿಸಬೇಕು, ಕೊನೆಗೆ ಸೇವ್ ವಾಪಸ್ ಹಾಕಬೇಕು. ರಿಪೇರಿ ಅಂಗಡಿಗೆ ಕೊಡುವಾಗ ಈ ಕ್ರಮವನ್ನು ಬಾಯಿಬಿಟ್ಟು ಹೇಳಿ.

ಒಂದೇ ಯಂತ್ರ, ಎರಡು ರೀಸೆಟ್

ಗೇಮ್ ಬಾಯ್ ಪೋಕೆಮಾನ್ ಆಟಗಳು ಇನ್ನೊಂದು ಪಾಠವನ್ನೂ ಕಲಿಸುತ್ತವೆ. ಎ, ಬಿ, ಸ್ಟಾರ್ಟ್, ಸೆಲೆಕ್ಟ್ ನಾಲ್ಕನ್ನೂ ಒಟ್ಟಿಗೆ ಒತ್ತಿದರೆ ಆಟ ಮೊದಲ ಪರದೆಗೆ ಹೋಗುತ್ತದೆ. ಸೇವ್‌ಗೆ ಏನೂ ಆಗುವುದಿಲ್ಲ. ಕೊನೆಯ ಸೇವ್ ನಂತರ ಆಡಿದ್ದು ಮಾತ್ರ ಹೋಗುತ್ತದೆ.

ಆದರೆ ಮೊದಲ ಪರದೆಯಲ್ಲಿ ಮೇಲಿನ ಬಾಣ, ಸೆಲೆಕ್ಟ್, ಬಿ ಮೂರನ್ನೂ ಒಟ್ಟಿಗೆ ಒತ್ತಿದರೆ ಸೇವ್ ಪೂರ್ತಿ ಅಳಿಸಬೇಕೇ ಎಂಬ ಪ್ರಶ್ನೆ ಬರುತ್ತದೆ. ಅಲ್ಲಿ ಹೌದು ಎಂದರೆ ಮುಗಿಯಿತು. ಮಾತಿನಲ್ಲಿ ಎರಡಕ್ಕೂ ನಾವು "ರೀಸೆಟ್" ಎಂದೇ ಅನ್ನುತ್ತೇವೆ. ಗೊಂದಲದ ಮೂಲ ಇದೇ.

ಇದೇ ಆಟಗಳಲ್ಲಿ "ನ್ಯೂ ಗೇಮ್" ಒತ್ತಿದ ಮಾತ್ರಕ್ಕೆ ಹಳೆಯದು ಹೋಗುವುದಿಲ್ಲ. ಹೊಸ ಆಟದಲ್ಲಿ ಸೇವ್ ಮಾಡಿದಾಗ ಹೋಗುತ್ತದೆ. ಮಗು ತಪ್ಪಿ ನ್ಯೂ ಗೇಮ್ ಒತ್ತಿದ್ದರೆ ಬೈಯುವ ಬದಲು ಸೇವ್ ಮಾಡದಂತೆ ತಡೆದು ಆಫ್ ಮಾಡಿ, ಹಳೆಯದು ಅಲ್ಲೇ ಇರುತ್ತದೆ.

ಪ್ಲೇಸ್ಟೇಷನ್ 1 ಮತ್ತು 2: ಎಲ್ಲವೂ ಮೆಮೊರಿ ಕಾರ್ಡಿನಲ್ಲಿ

ಇಲ್ಲಿ ಆಟ ಡಿಸ್ಕಿನಲ್ಲಿ, ಸೇವ್ ಮೆಮೊರಿ ಕಾರ್ಡಿನಲ್ಲಿ. ಯಂತ್ರದೊಳಗೆ ನಿಮ್ಮ ಆಟ ಏನೂ ಇರುವುದಿಲ್ಲ. ಪ್ಲೇಸ್ಟೇಷನ್ 1ರ ಕಾರ್ಡ್ 128 ಕಿಲೋಬೈಟ್, ಅದರಲ್ಲಿ 15 ಬ್ಲಾಕ್. ಈಗಿನ ಒಂದು ಗುಡ್ ಮಾರ್ನಿಂಗ್ ಫೋಟೊ ಅದಕ್ಕಿಂತ ದೊಡ್ಡದಿರಬಹುದು. ಪ್ಲೇಸ್ಟೇಷನ್ 2ಕ್ಕೆ ಸೋನಿ ಕೊಟ್ಟ ಕಾರ್ಡ್ 8 ಮೆಗಾಬೈಟ್. ಇವು ಫ್ಲ್ಯಾಶ್ ಮೆಮೊರಿ, ಬ್ಯಾಟರಿ ಬೇಕಿಲ್ಲ.

ಇದರಿಂದ ಕೆಲವು ವಿಷಯ ಸ್ಪಷ್ಟವಾಗುತ್ತವೆ.

ಯಂತ್ರ ಕೆಟ್ಟರೆ ಸೇವ್ ಹೋಗುವುದಿಲ್ಲ. ಕಾರ್ಡ್ ತೆಗೆದು ಬೇರೆ ಯಂತ್ರಕ್ಕೆ ಹಾಕಿ. ಯಂತ್ರ ಗುಜರಿಗೆ ಹೋದರೂ ಕಾರ್ಡ್ ಹೋಗಬಾರದು.

ಯಂತ್ರ ಪ್ರತಿ ಸಲ ದಿನಾಂಕ, ಸಮಯ ಕೇಳುತ್ತಿದ್ದರೆ ಪ್ಲೇಸ್ಟೇಷನ್ 2ರೊಳಗಿನ ಗಡಿಯಾರದ ಬ್ಯಾಟರಿ ತೀರಿದೆ ಎಂದರ್ಥ. ಸೇವ್‌ಗೂ ಇದಕ್ಕೂ ಸಂಬಂಧವಿಲ್ಲ. "ಒಳಗಿನ ಬ್ಯಾಟರಿ ತೆಗೆದಿಟ್ಟರೆ ಸೇವ್ ಎಲ್ಲ ಅಳಿಸಿಹೋಗುತ್ತದೆ" ಎಂಬ ಸಲಹೆಯೂ ಆದ್ದರಿಂದ ಸುಳ್ಳು.

ಪ್ಲೇಸ್ಟೇಷನ್ 2ರ ಮುಂಭಾಗದ ಗುಂಡಿ ಒಮ್ಮೆ ಒತ್ತಿದರೆ ರೀಸೆಟ್, ಒತ್ತಿ ಹಿಡಿದರೆ ಸ್ಟ್ಯಾಂಡ್‌ಬೈ. ಎರಡೂ ಕಾರ್ಡಿಗೆ ಹಾನಿ ಮಾಡುವುದಿಲ್ಲ. ಆದರೆ ಪರದೆಯ ಮೇಲೆ ಸೇವ್ ಆಗುತ್ತಿದೆ ಎಂದು ತೋರಿಸುತ್ತಿರುವಾಗ ರೀಸೆಟ್ ಒತ್ತುವುದು, ಕಾರ್ಡ್ ಎಳೆಯುವುದು, ಕರೆಂಟ್ ಹೋಗುವುದು ಮೂರೂ ಒಂದೇ. ಅರ್ಧ ಬರೆದ ಫೈಲ್ ಉಳಿಯುತ್ತದೆ. "ಕರಪ್ಟೆಡ್ ಡೇಟಾ" ಎಂದು ಕಾಣುವುದು ಹೀಗೆ. ಒಂದು ಸೇವ್ ಕರಪ್ಟ್ ಆದರೆ ಇಡೀ ಕಾರ್ಡ್ ಫಾರ್ಮ್ಯಾಟ್ ಮಾಡಬೇಕಿಲ್ಲ. ಬ್ರೌಸರ್‌ನಲ್ಲಿ ಆ ಒಂದನ್ನು ಮಾತ್ರ ಅಳಿಸಿ ನೋಡಿ.

ಪ್ಲೇಸ್ಟೇಷನ್ 1ರ ಆಟವನ್ನು ಪ್ಲೇಸ್ಟೇಷನ್ 2ರಲ್ಲಿ ಆಡಬಹುದು, ಆದರೆ ಆ ಆಟ ಸೇವ್ ಮಾಡಲು ಪ್ಲೇಸ್ಟೇಷನ್ 1ರ ಕಾರ್ಡೇ ಬೇಕು. ಸೇವ್ ಅನ್ನು 2ರ ಕಾರ್ಡಿಗೆ ನಕಲು ಮಾಡಿ ಇಟ್ಟುಕೊಳ್ಳಬಹುದು, ಆಟ ಅದನ್ನು ಅಲ್ಲಿಂದ ಓದುವುದಿಲ್ಲ. "ಸೇವ್ ಮಾಯವಾಗಿದೆ" ಎಂಬ ಎಷ್ಟೋ ದೂರುಗಳ ಹಿಂದೆ ಇಷ್ಟೇ ಇರುತ್ತದೆ.

ಜಪಾನಿನಿಂದ ಬಂದ ಯಂತ್ರಗಳಲ್ಲಿ ಇನ್ನೊಂದು ಬಲೆ ಇದೆ. ನಮಗೆ ಎಕ್ಸ್ ಗುರುತಿನ ಗುಂಡಿ "ಹೌದು", ವೃತ್ತದ ಗುಂಡಿ "ಬೇಡ" ಎಂದು ರೂಢಿ. ಜಪಾನಿನಲ್ಲಿ ಇದು ಉಲ್ಟಾ: ವೃತ್ತ ಸರಿ, ಎಕ್ಸ್ ತಪ್ಪು. ಅಳಿಸಬೇಕೇ ಎಂಬ ಪ್ರಶ್ನೆ ಓದಲು ಬಾರದ ಭಾಷೆಯಲ್ಲಿದ್ದು, ಬೇಡ ಎಂದು ವೃತ್ತ ಒತ್ತಿದರೆ ಅದು ಹೌದು ಎಂದಾಗುತ್ತದೆ. ಮೊದಲು ಭಾಷೆ ಬದಲಿಸಿ, ಅಥವಾ ಅಷ್ಟು ಇಂಗ್ಲಿಷ್ ಬಲ್ಲವರನ್ನು ಪಕ್ಕದಲ್ಲಿ ಕೂರಿಸಿಕೊಳ್ಳಿ.

ಅಳಿಸಿದ್ದು ವಾಪಸ್ ಬರುತ್ತದೆಯೇ? ಪ್ಲೇಸ್ಟೇಷನ್ 1ರ ಕಾರ್ಡಿನಲ್ಲಿ ಡಿಲೀಟ್ ಮಾಡಿದಾಗ ಸೇವ್ ಒರೆಸಿಹೋಗುವುದಿಲ್ಲ. ಪಟ್ಟಿಯಲ್ಲಿ "ಈ ಬ್ಲಾಕ್ ಖಾಲಿ" ಎಂದು ಗುರುತು ಬದಲಾಗುತ್ತದೆ ಅಷ್ಟೇ. ಅದರ ಮೇಲೆ ಇನ್ನೇನೂ ಬರೆಯದಿದ್ದರೆ ಕಂಪ್ಯೂಟರಿಗೆ ಜೋಡಿಸುವ ಕಾರ್ಡ್ ರೀಡರ್‌ನಿಂದ ಮರಳಿ ಪಡೆಯುವ ಅವಕಾಶವಿದೆ. ಆದ್ದರಿಂದ ತಪ್ಪಿ ಅಳಿಸಿದರೆ ಆ ಕಾರ್ಡನ್ನು ಕೂಡಲೇ ತೆಗೆದಿಡಿ. ಮೊಬೈಲಿನ ರಿಕವರಿ ಆ್ಯಪ್‌ಗಳು ಈ ಕಾರ್ಡನ್ನು ಓದಲಾರವು. ಹಣ ಕಟ್ಟಬೇಡಿ.

ಪ್ಲೇಸ್ಟೇಷನ್ 3, ಎಕ್ಸ್‌ಬಾಕ್ಸ್ 360: ಹೆಸರು ಓದಿ ಒತ್ತಿ

ಇವುಗಳಲ್ಲಿ ಹಾರ್ಡ್ ಡಿಸ್ಕ್ ಇದೆ. ಸೇವ್ ಜೊತೆಗೆ ನಿಮ್ಮ ಖಾತೆ, ಖರೀದಿಯ ವಿವರವೂ ಸೇರಿಕೊಂಡಿರುತ್ತದೆ. ಹಾಗಾಗಿ ಎರಡೂ ಕಡೆಯ ಅಪಾಯವಿದೆ: ಬೇಕಾದದ್ದು ಹೋಗಬಹುದು, ಹೋಗಬೇಕಾದದ್ದು ಉಳಿಯಬಹುದು.

ಪ್ಲೇಸ್ಟೇಷನ್ 3ರ ಸೇಫ್ ಮೋಡ್‌ನಲ್ಲಿ ಆರು ಆಯ್ಕೆಗಳಿವೆ. ಹೆಸರುಗಳು ಒಂದನ್ನೊಂದು ಹೋಲುತ್ತವೆ, ಪರಿಣಾಮ ಹೋಲುವುದಿಲ್ಲ.

1. ರೀಸ್ಟಾರ್ಟ್ ಸಿಸ್ಟಮ್: ಯಂತ್ರ ಮತ್ತೆ ಶುರುವಾಗುತ್ತದೆ.
2. ರೀಸ್ಟೋರ್ ಡಿಫಾಲ್ಟ್ ಸೆಟ್ಟಿಂಗ್ಸ್: ಸೆಟ್ಟಿಂಗ್ಸ್ ಮೊದಲಿನಂತಾಗುತ್ತವೆ, ಸೇವ್ ಇರುತ್ತದೆ.
3. ರೀಸ್ಟೋರ್ ಫೈಲ್ ಸಿಸ್ಟಮ್: ಡಿಸ್ಕಿನ ಹಾಳಾದ ಭಾಗ ಸರಿಪಡಿಸುವ ಯತ್ನ.
4. ರೀಬಿಲ್ಡ್ ಡೇಟಾಬೇಸ್: ಪಟ್ಟಿಯನ್ನು ಹೊಸದಾಗಿ ಕಟ್ಟುತ್ತದೆ.
5. ರೀಸ್ಟೋರ್ ಪಿಎಸ್3 ಸಿಸ್ಟಮ್: ಎಲ್ಲವನ್ನೂ ಅಳಿಸುತ್ತದೆ.
6. ಸಿಸ್ಟಮ್ ಅಪ್‌ಡೇಟ್: ಯಂತ್ರದ ತಂತ್ರಾಂಶ ಹೊಸದಾಗುತ್ತದೆ.

"ಹ್ಯಾಂಗ್ ಆದರೆ ರೀಸ್ಟೋರ್ ಮಾಡು" ಎಂಬ ಅರ್ಧ ಸಲಹೆ ಕೇಳಿ ಐದನೆಯದನ್ನು ಒತ್ತಿದರೆ ಮರಳಿ ಬರುವ ದಾರಿಯಿಲ್ಲ. ಮೊದಲು ಸೇವ್‌ಗಳನ್ನು ಪೆನ್ ಡ್ರೈವ್‌ಗೆ ನಕಲು ಮಾಡಿಕೊಳ್ಳಿ. ಕೆಲವು ಆಟಗಳು ತಮ್ಮ ಸೇವ್ ನಕಲಾಗಲು ಬಿಡುವುದಿಲ್ಲ ಎಂಬುದೂ ನೆನಪಿರಲಿ.

ಎಕ್ಸ್‌ಬಾಕ್ಸ್ 360ರಲ್ಲಿ "ಕ್ಲಿಯರ್ ಸಿಸ್ಟಮ್ ಕ್ಯಾಶ್" ಮಾಡಿದರೆ ಸೇವ್ ಹೋಗುವುದಿಲ್ಲ. ಪ್ರೊಫೈಲ್ ಅಳಿಸುವಾಗ ಎರಡು ಆಯ್ಕೆ ಬರುತ್ತವೆ. "ಡಿಲೀಟ್ ಪ್ರೊಫೈಲ್ ಓನ್ಲಿ" ಎಂದರೆ ಸೇವ್ ಉಳಿಯುತ್ತದೆ. "ಡಿಲೀಟ್ ಪ್ರೊಫೈಲ್ ಆ್ಯಂಡ್ ಐಟಮ್ಸ್" ಎಂದರೆ ಸೇವ್ ಕೂಡ ಹೋಗುತ್ತದೆ. ಹಾರ್ಡ್ ಡಿಸ್ಕ್ ಫಾರ್ಮ್ಯಾಟ್ ಮಾಡಲು ಯಂತ್ರದ ಸೀರಿಯಲ್ ನಂಬರ್ ಕೇಳುತ್ತದೆ. ಅದು ಕಿರಿಕಿರಿಯಲ್ಲ, "ಒಮ್ಮೆ ಯೋಚಿಸು" ಎಂಬ ಎಚ್ಚರಿಕೆ. ಎಕ್ಸ್‌ಬಾಕ್ಸ್ 360ರ ಆನ್‌ಲೈನ್ ಅಂಗಡಿ 2024ರ ಜುಲೈ 29ರಂದು ಮುಚ್ಚಿದೆ. ಹಳೆಯ ಯಂತ್ರದಲ್ಲಿ ಅಳಿಸಿದ್ದನ್ನೆಲ್ಲ ಮತ್ತೆ ಕೊಂಡು ತರಬಹುದು ಎಂಬ ಧೈರ್ಯ ಈಗ ಬೇಡ.

ಅಳಿಸುವುದಕ್ಕಿಂತ ಮೋಸದ್ದು: ಮೇಲೆ ಬರೆಯುವುದು

ಡಿಲೀಟ್ ಮಾಡುವಾಗ ಯಂತ್ರ ಕೇಳುತ್ತದೆ. ಓವರ್‌ರೈಟ್ ಆಗುವಾಗ ಕೆಲವೊಮ್ಮೆ ಕೇಳುವುದೂ ಇಲ್ಲ.

2014ರಲ್ಲಿ ಒಬ್ಬ ಹುಡುಗ ಯೂಟ್ಯೂಬಿನಲ್ಲಿ ಬರೆದ ನಾಲ್ಕು ಸಾಲು ಜಗತ್ತಿನಾದ್ಯಂತ ಹಂಚಿಕೆಯಾಯಿತು. ಅವನು ಆರು ವರ್ಷದವನಿದ್ದಾಗ ತಂದೆ ತೀರಿಕೊಂಡರು. ಸುಮಾರು ಹತ್ತು ವರ್ಷ ಅವನು ಎಕ್ಸ್‌ಬಾಕ್ಸ್ ಮುಟ್ಟಲಿಲ್ಲ. ಕೊನೆಗೆ ಒಂದು ದಿನ ಹಾಕಿ, ಇಬ್ಬರೂ ಆಡುತ್ತಿದ್ದ ರ‍್ಯಾಲಿಸ್ಪೋರ್ಟ್ ಚಾಲೆಂಜ್ ತೆರೆದ. ಈ ಬಗೆಯ ಕಾರ್ ರೇಸ್ ಆಟಗಳಲ್ಲಿ ಅತಿ ವೇಗದ ಓಟವನ್ನು ಯಂತ್ರ ಉಳಿಸಿಕೊಂಡು, ಮುಂದಿನ ಸಲ ಪಾರದರ್ಶಕ ಕಾರಾಗಿ ಪಕ್ಕದಲ್ಲಿ ಓಡಿಸುತ್ತದೆ. ಅದನ್ನು ಘೋಸ್ಟ್ ಎನ್ನುತ್ತಾರೆ. ಅಲ್ಲಿದ್ದದ್ದು ತಂದೆಯ ಓಟ. ಹುಡುಗ ಆಡಿ ಆಡಿ ಅದನ್ನು ಮೀರಿಸುವಷ್ಟು ಕಲಿತ. ಆದರೆ ಗೆರೆ ದಾಟುವ ಮುನ್ನ ಕಾರು ನಿಲ್ಲಿಸಿಬಿಡುತ್ತಿದ್ದ. ಗೆದ್ದರೆ ಹೊಸ ದಾಖಲೆ ಹಳೆಯದರ ಮೇಲೆ ಕೂರುತ್ತದೆ, ತಂದೆಯ ಕಾರು ಇನ್ನಿಲ್ಲ.

ನಮ್ಮ ಮನೆಗಳ ಮೆಮೊರಿ ಕಾರ್ಡುಗಳಲ್ಲೂ ಇಂಥದ್ದು ಇರಬಹುದು. ಊರು ಬಿಟ್ಟು ಪುಣೆಗೋ ಬೆಂಗಳೂರಿಗೋ ಹೋದ ಅಣ್ಣನ ಸ್ಯಾನ್ ಆಂಡ್ರಿಯಾಸ್ ಸೇವ್, ಈಗ ಇಲ್ಲದವರು ಹೆಸರಿಟ್ಟು ಮಾಡಿದ ಕುಸ್ತಿಪಟು, ರೇಸಿನ ದಾಖಲೆಯ ಪಟ್ಟಿಯಲ್ಲಿ ಮೂರೇ ಇಂಗ್ಲಿಷ್ ಅಕ್ಷರದ ಒಂದು ಹೆಸರು. ಅವು ಕಿಲೋಬೈಟ್ ಲೆಕ್ಕದಲ್ಲಿ ಏನೂ ಅಲ್ಲ. ಅವರು ಬರೆದ ಪತ್ರ, ತೆಗೆಸಿಕೊಂಡ ಫೋಟೊ ನಾವು ಎಸೆಯುವುದಿಲ್ಲ, ಆದರೆ ಕಾರ್ಡನ್ನು ಪ್ಲಾಸ್ಟಿಕ್ ತುಂಡು ಎಂದು ಎಸೆಯುತ್ತೇವೆ. ಮಕ್ಕಳಿಗೆ ಯಂತ್ರ ಕೊಡುವ ಮುನ್ನ ಹಳೆಯ ಕಾರ್ಡ್ ತೆಗೆದು ಹೆಸರು ಬರೆದು ಎತ್ತಿಡಿ. ಆಡಲು ಬೇರೆ ಕಾರ್ಡ್ ಹಾಕಿ.

ಉಳಿದ ನಂಬಿಕೆಗಳು, ಬೇಗ ಬೇಗ

*ಕ್ಯಾಸೆಟ್‌ಗೆ ಬಾಯಿಂದ ಊದಿದರೆ ಸರಿಹೋಗುತ್ತದೆ.* ತಪ್ಪು. ಸರಿಹೋಗುವುದು ತೆಗೆದು ಮತ್ತೆ ಹಾಕಿದ್ದರಿಂದ. ಆಗ ಲೋಹದ ತುದಿಗಳು ಉಜ್ಜಿಕೊಂಡು ಮತ್ತೆ ಸರಿಯಾಗಿ ತಾಗುತ್ತವೆ. ಉಸಿರಿನ ತೇವದಿಂದ ಆ ತುದಿಗಳು ತುಕ್ಕು ಹಿಡಿಯಬಹುದು, ಊದಬೇಡಿ ಎಂದು ನಿಂಟೆಂಡೊ ಕಂಪನಿಯೇ ಹೇಳಿದೆ. ಒಣ ಮೃದು ಬಟ್ಟೆಯಿಂದ ಒರೆಸಿ, ಯಂತ್ರ ಆಫ್ ಇದ್ದಾಗ ಮಾತ್ರ ಹಾಕಿ, ತೆಗೆಯಿರಿ.

*ಆಯಸ್ಕಾಂತ ತಾಗಿದರೆ ಮೆಮೊರಿ ಕಾರ್ಡ್ ಅಳಿಸಿಹೋಗುತ್ತದೆ.* ತಪ್ಪು. ಆಡಿಯೋ ಕ್ಯಾಸೆಟ್, ಫ್ಲಾಪಿಗಳ ವಿಷಯದಲ್ಲಿ ನಿಜವಾಗಿದ್ದ ಮಾತು ಇದು. ಫ್ಲ್ಯಾಶ್ ಕಾರ್ಡಿಗೂ ಗೇಮ್ ಕ್ಯಾಸೆಟ್‌ಗೂ ಮನೆಯ ಆಯಸ್ಕಾಂತದಿಂದ ಏನೂ ಆಗುವುದಿಲ್ಲ. ಗೇಮ್ "ಕ್ಯಾಸೆಟ್" ಎಂಬುದು ಹೆಸರಷ್ಟೇ, ಒಳಗೆ ಟೇಪ್ ಇಲ್ಲ.

*ಡಿಸ್ಕ್ ಗೀರಿದರೆ ಸೇವ್ ಹೋಯಿತು.* ತಪ್ಪು. ಸೇವ್ ಡಿಸ್ಕಿನಲ್ಲಿಲ್ಲ. ಅದೇ ಆಟದ, ಅದೇ ಪ್ರದೇಶದ ಇನ್ನೊಂದು ಡಿಸ್ಕ್ ಸಿಕ್ಕರೆ ಮುಂದುವರಿಸಬಹುದು.

*ಹೆಚ್ಚು ಮೆಗಾಬೈಟಿನ ಅಗ್ಗದ ಕಾರ್ಡ್ ಒಳ್ಳೆಯದು.* ಎಚ್ಚರ. ಅಳತೆ ಹೆಚ್ಚು ಎಂದು ಮಾರುವ ಬೇರೆ ಬ್ರಾಂಡಿನ ಕಾರ್ಡುಗಳ ಗುಣಮಟ್ಟ ಏರುಪೇರು. ಮುಖ್ಯವಾದ ಸೇವ್‌ನ ಒಂದೇ ಪ್ರತಿಯನ್ನು ಅಂಥದರಲ್ಲಿ ಇಡಬೇಡಿ.

ಮಾರುವ ಅಥವಾ ಕೊಡುವ ಮುನ್ನ

1. ಕ್ಯಾಸೆಟ್ ಯಂತ್ರ: ಅಳಿಸಲು ಏನೂ ಇಲ್ಲ. ಬ್ಯಾಟರಿ ಇರುವ ಕ್ಯಾಸೆಟ್ ಇದ್ದರೆ ಒಮ್ಮೆ ಹಾಕಿ ನೋಡಿ ನಿರ್ಧರಿಸಿ.
2. ಪ್ಲೇಸ್ಟೇಷನ್ 1, 2: ಕಾರ್ಡ್ ತೆಗೆದುಕೊಳ್ಳಿ. ಯಂತ್ರವನ್ನು ಹಾಗೇ ಕೊಡಬಹುದು.
3. ಪ್ಲೇಸ್ಟೇಷನ್ 3, ಎಕ್ಸ್‌ಬಾಕ್ಸ್ 360: ಸೇವ್ ನಕಲು ಮಾಡಿಕೊಳ್ಳಿ, ಖಾತೆಯಿಂದ ಯಂತ್ರವನ್ನು ಬೇರ್ಪಡಿಸಿ, ಆಮೇಲೆ ಪೂರ್ತಿ ಫಾರ್ಮ್ಯಾಟ್ ಮಾಡಿ. ಖಾತೆಯ ಪಾಸ್‌ವರ್ಡ್ ಬದಲಿಸಿ.
4. ಪೂರ್ತಿ ಕೆಟ್ಟಿದ್ದರೆ: ಒಡೆದು ಸುಡಬೇಡಿ. ದೇಶದಲ್ಲಿ 2023ರ ಏಪ್ರಿಲ್ 1ರಿಂದ ಜಾರಿಯಲ್ಲಿರುವ ಇ-ತ್ಯಾಜ್ಯ ನಿಯಮಗಳ ಪಟ್ಟಿಯಲ್ಲಿ ವಿಡಿಯೋ ಗೇಮ್‌ಗಳೂ ಇವೆ. ಇ-ತ್ಯಾಜ್ಯ ಸಂಗ್ರಹಿಸುವವರಿಗೆ ಕೊಡಿ.

ಚಿಕ್ಕ ಮಕ್ಕಳಿರುವ ಮನೆಯವರು ಇದನ್ನು ತಪ್ಪದೆ ಓದಿ

ಹಳೆಯ ಯಂತ್ರ ಬಿಚ್ಚಿದಾಗ ಸಿಗುವ ನಾಣ್ಯದಾಕಾರದ ಲಿಥಿಯಂ ಬ್ಯಾಟರಿಯನ್ನು ನೆಲದ ಮೇಲೆ ಬಿಡಬೇಡಿ. ಮಗು ನುಂಗಿದರೆ ಅದು ಅನ್ನನಾಳದಲ್ಲಿ ಸಿಕ್ಕಿಕೊಂಡು ಎರಡೇ ಗಂಟೆಯಲ್ಲಿ ತೀವ್ರವಾಗಿ ಸುಡಬಲ್ಲದು. ಆಟಕ್ಕೆ ಸಾಲದಷ್ಟು ತೀರಿದ ಬ್ಯಾಟರಿಗೂ ಇಷ್ಟು ಶಕ್ತಿ ಉಳಿದಿರುತ್ತದೆ. ನುಂಗಿರುವ ಅನುಮಾನ ಬಂದರೂ ಸಾಕು, ವಾಂತಿ ಮಾಡಿಸಬೇಡಿ, ಮಲದಲ್ಲಿ ಹೋಗುತ್ತದೆ ಎಂದು ಕಾಯಬೇಡಿ, 108ಕ್ಕೆ ಕರೆ ಮಾಡಿ ಅಥವಾ ಎಕ್ಸ್-ರೇ ಇರುವ ಆಸ್ಪತ್ರೆಗೆ ಕೂಡಲೇ ಹೋಗಿ. ತೆಗೆದ ಬ್ಯಾಟರಿಯ ಎರಡೂ ಬದಿಗೆ ಟೇಪ್ ಸುತ್ತಿ ಮಕ್ಕಳ ಕೈಗೆಟುಕದ ಕಡೆ ಇಡಿ.

ನಮ್ಮ ತೀರ್ಮಾನ

"ರೀಸೆಟ್ ಒತ್ತಿದರೆ ಸೇವ್ ಅಳಿಸಿಹೋಗುತ್ತದೆ" ಎಂಬ ಮಾತು ಸುಳ್ಳು. "ಒಮ್ಮೆ ರೀಸೆಟ್ ಒತ್ತಿ ಕೊಟ್ಟರೆ ಎಲ್ಲ ಅಳಿಸಿರುತ್ತದೆ" ಎಂಬುದು ಅದೇ ಸುಳ್ಳಿನ ಇನ್ನೊಂದು ಮುಖ, ಮತ್ತು ಖಾತೆ ಇರುವ ಯಂತ್ರಗಳಲ್ಲಿ ಅಪಾಯಕಾರಿ ಕೂಡ. ಯಾರಾದರೂ ರೀಸೆಟ್ ಮಾಡು ಎಂದರೆ ಎರಡು ಪ್ರಶ್ನೆ ಕೇಳಿ: ಯಾವ ರೀಸೆಟ್? ಸೇವ್ ಎಲ್ಲಿದೆ? ಇವೆರಡಕ್ಕೂ ಉತ್ತರ ಸಿಗುವವರೆಗೆ ಯಾವ ಗುಂಡಿಯನ್ನೂ ಒತ್ತಬೇಡಿ. ಈ ಹಬ್ಬಕ್ಕೆ ನಿಮ್ಮ ಕುಟುಂಬದ ಗ್ರೂಪಿನಲ್ಲಿ ಅಟ್ಟದ ಯಂತ್ರದ ಫೋಟೊ ಬಂದರೆ ಇದನ್ನು ಅದರ ಕೆಳಗೆ ಹಂಚಿ, ಯಾರಾದರೂ ಗುಜರಿಯವನನ್ನು ಕರೆಯುವ ಮೊದಲು.